ಉಸಿರಾಡುವ ದೀಪ: ಕಲ್ಪನಾ ಲೋಕಕ್ಕೊಂದು ಬೆಳಕಿನ ಸೂಕ್ಷ್ಮಜೀವಿ ಕಟ್ಟುವುದು ಹೇಗೆ

ಕಲ್ಪನಾ ಲೋಕದ ಕಥೆ ಬರೆಯುವವರು, ಆಟ ಕಟ್ಟುವವರು ಒಂದಲ್ಲ ಒಂದು ದಿನ ಈ ಪ್ರಶ್ನೆಗೆ ಬಂದು ನಿಲ್ಲುತ್ತಾರೆ: ಗುಹೆಯೊಳಗಿನ ಊರಿಗೆ ಬೆಳಕು ಎಲ್ಲಿಂದ ಬರಬೇಕು? ಪಂಜು ಹಚ್ಚಿದರೆ ಹೊಗೆ. ಮಂತ್ರದ ಕಲ್ಲು ಇಡುವುದು ಸುಲಭ, ಆದರೆ ಇಟ್ಟ ಮೇಲೆ ಅದರ ಬಗ್ಗೆ ಯೋಚಿಸಲು ಏನೂ ಉಳಿಯುವುದಿಲ್ಲ. ಹಾಗಾಗಿ ಬಹಳ ಜನ ಹೊಳೆಯುವ ಸೂಕ್ಷ್ಮಜೀವಿಗೆ ಕೈ ಹಾಕುತ್ತಾರೆ. ನಾನೂ ಹಾಕಿದ್ದೆ. ನನ್ನ ಮೊದಲ ಕಥೆಯಲ್ಲಿ ಬ್ಯಾಕ್ಟೀರಿಯಾ ತುಂಬಿದ ಗಾಜಿನ ಗೋಲಗಳು ಗೋಡೆ ತುಂಬ ನೇತಾಡುತ್ತಿದ್ದವು. ನೂರು ಪುಟ ಕಳೆದರೂ ಒಂದೂ ಆರಲಿಲ್ಲ, ಯಾರೂ ಅವಕ್ಕೆ ಊಟ ಹಾಕಲಿಲ್ಲ. ಓದಿದ ಗೆಳತಿ ಕೇಳಿದಳು: "ಇದು ಬಲ್ಬೇ ಅಲ್ವಾ?"

ಆ ಮಾತು ನನ್ನನ್ನು ವರ್ಷಗಟ್ಟಲೆ ಕಾಡಿತು. ಜೀವಿಗೆ ಹಸಿವಿದೆ, ಉಸಿರಿದೆ, ಕಾಯಿಲೆ ಇದೆ, ಸಾವಿದೆ. ಇವನ್ನು ಕಿತ್ತು ಹಾಕಿ ಬೆಳಕು ಮಾತ್ರ ಇಟ್ಟುಕೊಂಡರೆ ಸಿಗುವುದು ಬಲ್ಬೇ. ಇವನ್ನು ಉಳಿಸಿಕೊಂಡರೆ ಊರು, ಕಸುಬು, ಜಗಳ, ಗಾದೆ ಎಲ್ಲ ತಾನಾಗಿ ಹುಟ್ಟುತ್ತವೆ. ಅಂಥದ್ದೊಂದು ಜೀವಿಯನ್ನು ಹಂತ ಹಂತವಾಗಿ ಹೇಗೆ ಕಟ್ಟುವುದು ಅಂತ ನೋಡೋಣ. ಉದಾಹರಣೆಗೆ ನಾನೇ ಕಟ್ಟಿಕೊಂಡ ಒಂದು ಜೀವಿಯನ್ನು ಜೊತೆಗಿಟ್ಟುಕೊಳ್ಳುತ್ತೇನೆ. ಅದರ ಹೆಸರು ತಂಬೆಳಗಿ. ತಂಗಾಳಿಯಲ್ಲಿರುವ ತಂಪೇ ಇದರಲ್ಲೂ ಇದೆ, ಯಾಕೆಂದರೆ ಇದರ ಬೆಳಕು ಸುಡುವುದಿಲ್ಲ. ಅದಿರುವ ಊರು ಇರುಳ್ಕಣಿವೆ: ಆಳವಾದ ಕಣಿವೆಯ ಬುಡದಲ್ಲಿ, ಬಂಡೆಯೊಳಗೆ ಕೊರೆದ ಮನೆಗಳು.

ಹಂತ 1: ಮೊದಲು ನಿಜವಾದದ್ದನ್ನು ತಿಳಿದುಕೊಳ್ಳಿ

ಬೆಳಕು ಕೊಡುವ ಜೀವಿಗಳ ಒಳಗೆ ನಡೆಯುವ ಕೆಲಸ ಹೆಚ್ಚುಕಡಿಮೆ ಒಂದೇ. ಒಂದು ವಸ್ತು ಆಮ್ಲಜನಕದ ಜೊತೆ ಸೇರುತ್ತದೆ. ಒಂದು ಕಿಣ್ವ ಅದನ್ನು ಸೇರಿಸುತ್ತದೆ. ಆಗ ಹೊರಬರುವ ಶಕ್ತಿಯಲ್ಲಿ ಒಂದು ಪಾಲು ಬೆಳಕಾಗುತ್ತದೆ. ಆ ವಸ್ತುವಿಗೆ ಲೂಸಿಫೆರಿನ್, ಕಿಣ್ವಕ್ಕೆ ಲೂಸಿಫೆರೇಸ್ ಎಂದು ಹೆಸರು. ಹೆಸರಿಟ್ಟವರು ಫ್ರಾನ್ಸಿನ ರಫಾಯೆಲ್ ದ್ಯುಬ್ವಾ. 1880ರ ದಶಕದಲ್ಲಿ ಅವರು ಮಾಡಿದ ಪ್ರಯೋಗ ಬಹಳ ಸರಳ. ಹೊಳೆಯುವ ಜೀವಿಯನ್ನು ತಣ್ಣೀರಿನಲ್ಲಿ ಅರೆದರೆ ಆ ಸಾರ ಸ್ವಲ್ಪ ಹೊತ್ತು ಹೊಳೆದು ಆರಿತು. ಬಿಸಿನೀರಿನ ಸಾರ ಹೊಳೆಯಲೇ ಇಲ್ಲ. ಹೊಳಪಿಲ್ಲದ ಆ ಎರಡನ್ನೂ ಬೆರೆಸಿದಾಗ ಮತ್ತೆ ಬೆಳಕು ಬಂತು! ತಣ್ಣೀರಿನಲ್ಲಿ ಕಿಣ್ವ ಉಳಿದಿತ್ತು, ವಸ್ತು ಖರ್ಚಾಗಿತ್ತು. ಬಿಸಿನೀರಿನಲ್ಲಿ ವಸ್ತು ಉಳಿದಿತ್ತು, ಶಾಖಕ್ಕೆ ಕಿಣ್ವ ಕೆಟ್ಟಿತ್ತು. ಕತ್ತಲಲ್ಲಿ ಎರಡು ಕುಪ್ಪಿ ಹಿಡಿದು ನಿಂತ ಒಬ್ಬ ಮುದುಕ ವೈದ್ಯನನ್ನು ನೆನೆಸಿಕೊಳ್ಳಿ. ಕಥೆ ಆಗಲೇ ಶುರುವಾಯಿತು.

ಗಾಳಿ ಬೇಕು ಅನ್ನುವುದು ಇನ್ನೂ ಹಿಂದೆಯೇ ಗೊತ್ತಿತ್ತು. 1660ರ ದಶಕದಲ್ಲಿ ರಾಬರ್ಟ್ ಬಾಯ್ಲ್ ಹೊಳೆಯುವ ಕೊಳೆತ ಮರದ ತುಂಡನ್ನು ಗಾಜಿನ ಪಾತ್ರೆಯಲ್ಲಿಟ್ಟು ಗಾಳಿ ಹೊರಗೆಳೆದರು. ಬೆಳಕು ಹೋಯಿತು. ಗಾಳಿ ಬಿಟ್ಟರು, ಬೆಳಕು ಮರಳಿತು. ಆಗ ಆಮ್ಲಜನಕ ಅಂತ ಒಂದಿದೆ ಎಂಬುದೇ ಯಾರಿಗೂ ತಿಳಿದಿರಲಿಲ್ಲ.

ಸೂಕ್ಷ್ಮಜೀವಿಗಳಲ್ಲಿ ಎರಡು ಬಗೆ ನಿಮಗೆ ಮುಖ್ಯ. ಅಲಿವಿಬ್ರಿಯೊ ಫಿಶೆರಿಯಂಥ ಬ್ಯಾಕ್ಟೀರಿಯಾಗಳು ಒಂದೇ ಸಮನೆ, ನೀಲಿ ಹಸಿರಿನಲ್ಲಿ ಹೊಳೆಯುತ್ತವೆ. ಡೈನೋಫ್ಲಜೆಲೇಟ್ ಎಂಬ ಏಕಕೋಶ ಜೀವಿಗಳು ಸುಮ್ಮನಿದ್ದಾಗ ಕತ್ತಲು, ನೀರು ಕಲಕಿದಾಗ ಮಾತ್ರ ಫಕ್ಕನೆ ಮಿಂಚುತ್ತವೆ. ರಾತ್ರಿ ಅಲೆ ಒಡೆಯುವಾಗ ಕಡಲಂಚು ನೀಲಿಯಾಗುವುದು ಬಹುಮಟ್ಟಿಗೆ ಇವುಗಳಿಂದ. ನಿಮಗೆ ದೀಪ ಬೇಕೋ, ಕಾವಲು ಬೇಕೋ? ದೀಪಕ್ಕೆ ಮೊದಲನೆಯದು, ಕಾವಲಿಗೆ ಎರಡನೆಯದು. ಎರಡನ್ನೂ ಒಂದೇ ಜೀವಿಗೆ ತುರುಕಬೇಡಿ.

ಹಂತ 2: ಅದು ಹೊಳೆಯುವುದು ಯಾರಿಗಾಗಿ?

ಇಲ್ಲೇ ಹೆಚ್ಚಿನವರು ಅವಸರ ಮಾಡುವುದು. ಮನುಷ್ಯರಿಗೆ ಬೆಳಕು ಬೇಕು ಅಂತ ಯಾವ ಜೀವಿಯೂ ಹೊಳೆಯುವುದಿಲ್ಲ. ಬೆಳಕು ಮಾಡಲು ಶಕ್ತಿ ಖರ್ಚಾಗುತ್ತದೆ, ಅದಕ್ಕೆ ತಕ್ಕ ಲಾಭ ಅದಕ್ಕೇ ಸಿಗಬೇಕು.

ಹವಾಯಿಯ ಕಡಲಲ್ಲಿ ಹೆಬ್ಬೆರಳಿನಷ್ಟು ಗಾತ್ರದ, ಸ್ಕ್ವಿಡ್ ಎಂಬ ಹಲವು ತೋಳುಗಳ ಮೆದುಮೈಯ ಜೀವಿ ಇದೆ. ರಾತ್ರಿ ಬೇಟೆಗೆ ಹೊರಡುತ್ತದೆ. ಮೇಲಿಂದ ಬೆಳದಿಂಗಳು ಬಿದ್ದರೆ ಕೆಳಗಿರುವ ಶತ್ರುಗಳಿಗೆ ಅದರ ನೆರಳು ಕಾಣುತ್ತದೆ. ಹಾಗಾಗಿ ಹೊಟ್ಟೆಯ ಭಾಗದಲ್ಲಿ ಹೊಳೆಯುವ ಬ್ಯಾಕ್ಟೀರಿಯಾ ಸಾಕಿಕೊಂಡು, ಬೆಳದಿಂಗಳಿಗೆ ಸರಿಹೊಂದುವಷ್ಟು ಬೆಳಕನ್ನು ಕೆಳಗೆ ಬಿಡುತ್ತದೆ. ನೆರಳೇ ಮಾಯ. ಬದಲಿಗೆ ಬ್ಯಾಕ್ಟೀರಿಯಾಕ್ಕೆ ಊಟ, ವಸತಿ. ಇನ್ನೂ ಸೊಗಸಿನ ಸಂಗತಿ: ದಿನಾ ಬೆಳಗಾಗುತ್ತಿದ್ದಂತೆ ಸ್ಕ್ವಿಡ್ ಆ ಬ್ಯಾಕ್ಟೀರಿಯಾದಲ್ಲಿ ಸುಮಾರು ಶೇಕಡಾ 90 ಭಾಗವನ್ನು ಹೊರಗೆ ಚೆಲ್ಲುತ್ತದೆ. ಉಳಿದದ್ದು ಹಗಲೆಲ್ಲ ಬೆಳೆದು ರಾತ್ರಿಗೆ ಮತ್ತೆ ತುಂಬುತ್ತದೆ.

ತಂಬೆಳಗಿಗೆ ನಾನು ಇದರಿಂದಲೇ ಎಳೆ ತೆಗೆದುಕೊಂಡೆ. ಇರುಳ್ಕಣಿವೆಯ ಒಳಗೊಂದು ಉಪ್ಪುನೀರಿನ ಕೊಳ. ಅದರಲ್ಲಿ ಗಲ್ಲಮೀನು. ಅದರ ದವಡೆಯ ಕೆಳಗೊಂದು ಚೀಲ, ಚೀಲದಲ್ಲಿ ತಂಬೆಳಗಿ. ಬೆಳಕಿಗೆ ನೀರಹುಳಗಳು ಬರುತ್ತವೆ, ಮೀನು ತಿನ್ನುತ್ತದೆ. ಹೊತ್ತಾರೆ ಚೀಲ ಖಾಲಿ ಮಾಡುತ್ತದೆ. ಮನುಷ್ಯರು ಇದರಲ್ಲಿ ಎಲ್ಲೂ ಇಲ್ಲ, ಗಮನಿಸಿ. ಅವರು ಆಮೇಲೆ ಬಂದವರು. ಹೀಗಿದ್ದಾಗಲೇ ಆ ಜೀವಿಗೆ ತನ್ನದೇ ಬದುಕಿದೆ ಅಂತ ಓದುಗರಿಗೆ ಅನ್ನಿಸುವುದು.

ಹಂತ 3: ಊಟ, ಉಸಿರು, ಕೋರಂ

ಊಟ ಮತ್ತು ಉಸಿರನ್ನು ನೀವು ಹೇಗೂ ಯೋಚಿಸುತ್ತೀರಿ. ಮರೆಯುವುದು ಮೂರನೆಯದನ್ನು.

ಸಭೆಗೆ ಇಂತಿಷ್ಟು ಜನ ಸೇರದಿದ್ದರೆ ಕೋರಂ ಇಲ್ಲ ಅಂತ ಮುಂದೂಡುತ್ತಾರಲ್ಲ, ಈ ಬ್ಯಾಕ್ಟೀರಿಯಾಗಳದ್ದೂ ಅದೇ ಪದ್ಧತಿ. ಪ್ರತಿಯೊಂದು ಕೋಶವೂ ಒಂದು ಸಣ್ಣ ರಾಸಾಯನಿಕವನ್ನು ಹೊರಬಿಡುತ್ತಿರುತ್ತದೆ. ಕಡಲಿನಂಥ ತೆರೆದ ನೀರಿನಲ್ಲಿ ಒಂಟಿಯಾಗಿದ್ದರೆ ಅದು ಚದುರಿ ಹೋಗುತ್ತದೆ, ಕೋಶ ಹೊಳೆಯುವುದಿಲ್ಲ. ಕಿರಿದಾದ ಜಾಗದಲ್ಲಿ ಕೋಟಿಗಟ್ಟಲೆ ಸೇರಿದಾಗ ಆ ರಾಸಾಯನಿಕ ಮಡುಗಟ್ಟುತ್ತದೆ. ಆಗ ಎಲ್ಲವೂ ಒಟ್ಟಿಗೆ ಬೆಳಕಿನ ಕೆಲಸ ಶುರು ಮಾಡುತ್ತವೆ. 1970ರಲ್ಲಿ ಇದನ್ನು ತೋರಿಸಿದವರಲ್ಲಿ ಕೆನ್ನೆತ್ ನೀಲ್ಸನ್ ಮತ್ತು ವುಡ್‌ಲ್ಯಾಂಡ್ ಹೇಸ್ಟಿಂಗ್ಸ್ ಮುಖ್ಯರು. ಕೋರಂ ಸೆನ್ಸಿಂಗ್ ಅನ್ನುವ ಹೆಸರು ಆಮೇಲೆ ಬಂತು.

ಕಥೆಗೆ ಇದಕ್ಕಿಂತ ಒಳ್ಳೆಯ ಉಡುಗೊರೆ ಇಲ್ಲ. ಒಂದು ಹನಿ ಕದ್ದು ಬಿಂದಿಗೆ ಉಪ್ಪುನೀರಿಗೆ ಬೆರೆಸಿದರೆ ಅದು ಕತ್ತಲು. ಅಂದರೆ ಕಳ್ಳನ ಕೈಯಲ್ಲಿ ಬೆಳಕು ಕಾಣುವುದಿಲ್ಲ! ಇರುಳ್ಕಣಿವೆಯ ಜನ ತಂಬೆಳಗಿಯನ್ನು ಕಂಡದ್ದೂ ಹೀಗೇ. ಮೀನು ಚೆಲ್ಲಿದ ನೀರು ಕೊಳದಲ್ಲಿ ಹೊಳೆಯುತ್ತಿರಲಿಲ್ಲ. ಆದರೆ ದಡದ ಒಂದು ಕಲ್ಲುಗುಳಿಯಲ್ಲಿ ಸತ್ತ ಮೀನೊಂದು ಸಿಕ್ಕಿಹಾಕಿಕೊಂಡಿತ್ತು. ಎರಡು ದಿನ ಕಳೆದ ಮೇಲೆ ಆ ಗುಳಿ ತಾನಾಗಿ ಬೆಳಗಿತು.

ಹಂತ 4: ಎಷ್ಟು ಬೆಳಕು ಕೊಡಬೇಕು

ಕಡಿಮೆ ಕೊಡಿ. ನೀವು ಅಂದುಕೊಂಡದ್ದಕ್ಕಿಂತ ತುಂಬ ಕಡಿಮೆ.

ಒಂದು ಲೀಟರ್ ನೀರಿನಲ್ಲಿ ಬ್ಯಾಕ್ಟೀರಿಯಾ ದಟ್ಟವಾಗಿ ತುಂಬಿ ಚೆನ್ನಾಗಿ ಹೊಳೆಯುತ್ತಿದ್ದರೂ ಅದು ಒಂದು ಮೇಣದ ಬತ್ತಿಗೆ ಸಮ ಬರುವುದಿಲ್ಲ. ನಾನು ಇಟ್ಟುಕೊಂಡಿರುವ ಅಳತೆ ಇದು: ಒಂದು ಲೀಟರ್ ದೀಪ, ಒಂದು ತೋಳಿನಷ್ಟು ದೂರದಲ್ಲಿ, ಹೆಚ್ಚೆಂದರೆ ಹುಣ್ಣಿಮೆಯ ಬೆಳಕು. ಮುಖ ಗುರುತಾಗುತ್ತದೆ, ದಪ್ಪ ಅಕ್ಷರ ಓದಬಹುದು, ಸೂಜಿಗೆ ದಾರ ಪೋಣಿಸಲು ಆಗುವುದಿಲ್ಲ. ಕೋಣೆ ತುಂಬ ಬೇಕೆಂದರೆ ಪಾತ್ರೆಗಳನ್ನು ಸಾಲಾಗಿ ಇಡಬೇಕು. 1900ರ ಪ್ಯಾರಿಸ್ ಮಹಾಪ್ರದರ್ಶನದಲ್ಲಿ ದ್ಯುಬ್ವಾ ಮಾಡಿದ್ದು ಅದನ್ನೇ. ದೊಡ್ಡ ಗಾಜಿನ ಪಾತ್ರೆಗಳಲ್ಲಿ ಬ್ಯಾಕ್ಟೀರಿಯಾ ತುಂಬಿ ಒಂದು ಕೋಣೆಯನ್ನು ಬೆಳಗಿಸಿ ತೋರಿಸಿದರು.

ಬೆಳಕಿನ ಅರ್ಧ ಕೆಲಸ ಕಣ್ಣಿನದು. ಬಿಸಿಲಿನಿಂದ ಕತ್ತಲಿಗೆ ಬಂದ ಕಣ್ಣು ಪೂರ್ತಿ ಹೊಂದಿಕೊಳ್ಳಲು 20ರಿಂದ 30 ನಿಮಿಷ ಬೇಕು. ಇದನ್ನು ನಾನು ಸ್ವತಃ ನೋಡಿದ್ದೇನೆ. ಒಂದು ರಾತ್ರಿ ಕೋಣೆಯ ದೀಪವೆಲ್ಲ ಆರಿಸಿ ಸುಮ್ನೆ ಕೂತೆ. ಮೊದಲ ಐದು ನಿಮಿಷ ಬರೀ ಕಪ್ಪು. ಹತ್ತು ನಿಮಿಷಕ್ಕೆ ಬಾಗಿಲ ಸಂದಿ ಕಂಡಿತು. ಅರ್ಧ ಗಂಟೆಗೆ ಮೊಬೈಲ್ ಚಾರ್ಜರ್‌ನ ಸಾಸಿವೆಯಷ್ಟು ಹಸಿರು ದೀಪ ಎದುರಿನ ಗೋಡೆಯಲ್ಲಿ ಕುರ್ಚಿಯ ನೆರಳು ಬೀಳಿಸುತ್ತಿತ್ತು. ನೀವೂ ಕೂತು ನೋಡಿ. ಬರೆಯುವ ಮೊದಲು ಮಾಡಲೇಬೇಕಾದ ಕೆಲಸ ಅಂತ ಇದ್ದರೆ ಅದು ಇದೊಂದೇ.

ಹಾಗಾದರೆ ಹೊರಗಿಂದ ಬಂದವನಿಗೆ ಇರುಳ್ಕಣಿವೆ ಕಗ್ಗತ್ತಲು, ಅಲ್ಲೇ ಹುಟ್ಟಿದ ಹುಡುಗಿಗೆ ಅದು ಬೆಳಗಿದ ಬೀದಿ. ಯಾರೋ ಒಬ್ಬ ಪಂಜು ಎತ್ತಿದರೆ ಸಾಕು, ಊರಿಗೆ ಊರೇ ಅರ್ಧ ಗಂಟೆ ಕುರುಡಾಗುತ್ತದೆ. ಬಣ್ಣಗಳ ವಿಷಯವೂ ಇದೆ. ನೀಲಿ ಹಸಿರು ಬೆಳಕಿನಲ್ಲಿ ಕೆಂಪು ಕಪ್ಪಾಗಿ ಕಾಣುತ್ತದೆ. ನೆಲದ ಮೇಲೆ ಬಿದ್ದದ್ದು ರಕ್ತವೋ ನೀರೋ ಎಂದು ತಿಳಿಯಲು ಮುಟ್ಟಿ ನೋಡಬೇಕು.

ಹಂತ 5: ಒಂದು ದೀಪವನ್ನು ಕೈಯಾರೆ ಮಾಡಿ

ಲೋಕ ಕಟ್ಟುವವರು ಹೆಚ್ಚಾಗಿ ರಾಜ್ಯ, ಯುದ್ಧ, ವಂಶಾವಳಿಯಿಂದ ಶುರು ಮಾಡುತ್ತಾರೆ. ನನ್ನ ಮಾತು ಕೇಳಿ, ದೀಪದಿಂದ ಶುರು ಮಾಡಿ. ಒಬ್ಬ ಸಾಮಾನ್ಯ ಮನುಷ್ಯ ಸಂಜೆ ಅದನ್ನು ಹೇಗೆ ಹೊಂದಿಸುತ್ತಾನೆ ಎಂದು ಒಂದೊಂದು ಕೈಚಲನೆಯನ್ನೂ ಬರೆಯಿರಿ.

ಪಾತ್ರೆ: ಗಾಜು ಇದ್ದರೆ ಗಾಜು. ಇಲ್ಲದ ಲೋಕದಲ್ಲಿ ತೆಳುವಾಗಿ ಹೆರೆದ ಕೊಂಬು ಅಥವಾ ಒಣಗಿಸಿದ ಕರುಳಿನ ಪೊರೆ ಆಗುತ್ತದೆ. ಬಾಯಿ ಅಗಲವಿರಲಿ. ಅರ್ಧಕ್ಕಿಂತ ಹೆಚ್ಚು ತುಂಬಬಾರದು, ಯಾಕೆಂದರೆ ಮೇಲಿನ ಅರ್ಧ ಗಾಳಿಗೆ. ಬಿರಡೆ ಹಾಕಿದರೆ ಉಸಿರು ಕಟ್ಟುತ್ತದೆ. ತೆಳು ಬಟ್ಟೆ ಕಟ್ಟಬೇಕು.

ನೀರು: ಕಡಲಿನ ಹೊಳೆಯುವ ಬ್ಯಾಕ್ಟೀರಿಯಾಗಳಿಗೆ ಉಪ್ಪು ಬೇಕು, ಲೀಟರಿಗೆ ಸುಮಾರು 30 ಗ್ರಾಂ. ತಂಬೆಳಗಿಗೂ ಅಷ್ಟೇ ಇಟ್ಟಿದ್ದೇನೆ. ಸಿಹಿನೀರು ಸುರಿದರೆ ಕೋಶಗಳು ಒಡೆದು ದೀಪ ಸಾಯುತ್ತದೆ. ಹಗೆಯ ಮನೆಯ ದೀಪ ಆರಿಸಲು ಒಂದು ಚೊಂಬು ಮಳೆನೀರು ಸಾಕು ಎಂದಾಯಿತು.

ಊಟ: ಮೀನಿನ ತಲೆ ಬೇಯಿಸಿದ ತಿಳಿ ಸಾರು, ತಣಿಸಿದ್ದು.

ಹೆಪ್ಪು: ಹಳೆಯ ದೀಪದಿಂದ ಒಂದು ಸೌಟು. ಹಾಲಿಗೆ ಹೆಪ್ಪು ಹಾಕಿದಂತೆಯೇ. ಒಂದು ದಿನ ಏನೂ ಕಾಣುವುದಿಲ್ಲ, ಕೋರಂ ತುಂಬಬೇಕು. ಆಮೇಲೆ ಬೂದು, ಆಮೇಲೆ ನೀಲಿ.

ಈಗ ಹತ್ತಿರದಿಂದ ನೋಡಿ. ದೀಪವನ್ನು ಅಲುಗಿಸದೆ ಬಿಟ್ಟರೆ ತಳದ ಕೋಶಗಳು ಅಲ್ಲಿನ ಆಮ್ಲಜನಕವನ್ನು ಮುಗಿಸಿಬಿಡುತ್ತವೆ. ಕೆಳಗಿನಿಂದ ಕತ್ತಲು ಏರುತ್ತದೆ. ಕೊನೆಗೆ ಗಾಳಿ ತಾಗುವ ಮೇಲ್ಮೈಯಲ್ಲಿ ಮಾತ್ರ ಒಂದು ಬೆಳಕಿನ ಉಂಗುರ ಉಳಿಯುತ್ತದೆ, ಕೆನೆ ಕಟ್ಟಿದ ಹಾಗೆ. ಪಾತ್ರೆಯನ್ನು ಒಮ್ಮೆ ಕುಲುಕಿದರೆ ಆ ಬೆಳಕು ಎಳೆ ಎಳೆಯಾಗಿ ಸುರುಳಿ ಸುತ್ತುತ್ತ ಕೆಳಗಿಳಿದು ತಳ ಮುಟ್ಟುತ್ತದೆ. ಇದು ನಾನು ಕಟ್ಟಿದ್ದಲ್ಲ, ನಿಜವಾದ ಬ್ಯಾಕ್ಟೀರಿಯಾ ತುಂಬಿದ ಸೀಸೆಯಲ್ಲೂ ಹೀಗೇ ಆಗುತ್ತದೆ.

ಇದರಿಂದ ಒಂದು ಮನೆಯೇ ಹುಟ್ಟುತ್ತದೆ:

"ಅಜ್ಜಿ, ದೀಪ ಮಲಗ್ತಾ ಇದೆ."

"ಕುಲುಕು ಮಗಾ. ಮೆಲ್ಲಗೆ. ನಿನ್ನ ಹಾಗೇ ಅದಕ್ಕೂ ಉಸಿರು ಬೇಕಲ್ಲ."

"ಎಷ್ಟು ಸಲ?"

"ಅದು ಪಾದದವರೆಗೂ ಬೆಳಗೋವರೆಗೂ."

ಈ ಊರಿನಲ್ಲಿ ರಾತ್ರಿ ಎಚ್ಚರವಿದ್ದು ದೀಪ ಕುಲುಕುವುದು ಮಕ್ಕಳ ಕೆಲಸ. ಮಗು ನಿದ್ದೆ ಹೋದರೆ ಮನೆ ಕತ್ತಲಾಗುತ್ತದೆ. ಕಾಯಿಲೆಯವರ ಪಕ್ಕದಲ್ಲಿ ಕೂತು ರಾತ್ರಿಯಿಡೀ ದೀಪ ಕುಲುಕುವುದೇ ಪ್ರೀತಿ. ಇದನ್ನೆಲ್ಲ ನಾನು ಮೊದಲೇ ಯೋಚಿಸಿರಲಿಲ್ಲ. ಆಮ್ಲಜನಕದ ಲೆಕ್ಕ ಬಿಡದೆ ಹಿಡಿದುಕೊಂಡದ್ದಕ್ಕೆ ಸಿಕ್ಕಿದ್ದು.

ಹಂತ 6: ಬೆಳಕಷ್ಟೇ ಅಲ್ಲ, ಬೇರೆ ಏನೇನಕ್ಕೆ ಬರುತ್ತದೆ

ದೀಪವಾದ ಮೇಲೆ ಜನ ಸುಮ್ಮನಿರುವುದಿಲ್ಲ. ನೂರಾರು ವರ್ಷಗಳಲ್ಲಿ ಅವರು ಇನ್ನೇನು ಕಂಡುಕೊಂಡಿರಬಹುದು?

ಮೊದಲನೆಯದು ಬೆಂಕಿ ತರಬಾರದ ಜಾಗ. 1770ರ ದಶಕದಲ್ಲಿ ಅಮೆರಿಕದಲ್ಲಿ ಟರ್ಟಲ್ ಎಂಬ, ಒಬ್ಬನೇ ಕೂರುವ ಜಲಾಂತರ್ಗಾಮಿ ಕಟ್ಟಿದ್ದರು. ಒಳಗೆ ಮೇಣದ ಬತ್ತಿ ಹಚ್ಚಿದರೆ ಇರುವ ಅಷ್ಟಿಷ್ಟು ಗಾಳಿಯೂ ಖರ್ಚು. ಹಾಗಾಗಿ ದಿಕ್ಸೂಚಿಯ ಮೇಲೆ ಹೊಳೆಯುವ ಶಿಲೀಂಧ್ರ ಹಿಡಿದ ಮರದ ಚೂರುಗಳನ್ನು ಇಟ್ಟಿದ್ದರು. ನಿಮ್ಮ ಲೋಕದಲ್ಲಿ ಸಿಡಿಯುವ ಅನಿಲದ ಗಣಿ, ಒಣ ಹುಲ್ಲಿನ ಉಗ್ರಾಣ, ತಾಳೆಗರಿ ತುಂಬಿದ ಗ್ರಂಥಾಲಯ ಇವೆಯಾ? ಅಲ್ಲಿಗೆ ತಂಬೆಳಗಿ ಹೋಗಲಿ. ಆದರೆ ಅದೂ ಉಸಿರಾಡುತ್ತದೆ ಎನ್ನುವುದು ನೆನಪಿರಲಿ. ಗಾಳಿ ಕೆಟ್ಟ ಸುರಂಗದಲ್ಲಿ ಮನುಷ್ಯನಿಗಿಂತ ಮೊದಲು ದೀಪ ಮಂಕಾಗುವಂತೆ ಮಾಡಿದರೆ ಅದೇ ಗಣಿಯವರ ಎಚ್ಚರಿಕೆ.

ಎರಡನೆಯದು ನನಗೆ ಅತಿ ಇಷ್ಟ: ವಿಷ ಪರೀಕ್ಷೆ. ನೀರಿನಲ್ಲಿ ವಿಷವಿದೆಯೇ ಎಂದು ನೋಡಲು ಹೊಳೆಯುವ ಬ್ಯಾಕ್ಟೀರಿಯಾಗಳನ್ನು ಪ್ರಯೋಗಾಲಯಗಳಲ್ಲಿ ನಿಜವಾಗಿಯೂ ಬಳಸುತ್ತಾರೆ. ನೀರಿನ ಮಾದರಿ ಬೆರೆಸಿದ ಕೆಲವೇ ನಿಮಿಷಗಳಲ್ಲಿ ಬೆಳಕು ಎಷ್ಟು ಕುಗ್ಗಿತು ಎಂದು ಅಳೆಯುತ್ತಾರೆ. ಅಂದಮೇಲೆ ನಿಮ್ಮ ರಾಣಿಯ ಊಟದ ಪಕ್ಕದಲ್ಲಿ ಒಂದು ಸಣ್ಣ ನೀಲಿ ಬಟ್ಟಲು ಇರಲಿ. ಅಡುಗೆಯವನು ಪ್ರತಿ ಪದಾರ್ಥದಿಂದ ಒಂದು ಹನಿ ಅದಕ್ಕೆ ಬಿಡುತ್ತಾನೆ. ಎಲ್ಲರ ಕಣ್ಣು ಬಟ್ಟಲ ಮೇಲೆ. ಬೆಳಕು ನಡುಗಿತಾ? ಇಲ್ಲಿ ಒಂದು ತೊಡಕು ಬೇಕೆಂದೇ ಇಡಿ: ಹುಳಿ ಜಾಸ್ತಿಯಾದರೂ, ಬಿಸಿ ಜಾಸ್ತಿಯಾದರೂ ಅದು ಮಂಕಾಗುತ್ತದೆ. ನಿರಪರಾಧಿ ಅಡುಗೆಯವನೊಬ್ಬ ಸಿಕ್ಕಿಬೀಳಬಹುದು.

ಮೂರನೆಯದು ಗಾಯ. ಮಣ್ಣಿನಲ್ಲಿ ಫೋಟೋರ‍್ಯಾಬ್ಡಸ್ ಎಂಬ ಹೊಳೆಯುವ ಬ್ಯಾಕ್ಟೀರಿಯಾ ಇದೆ. ಸಣ್ಣ ದುಂಡುಹುಳುಗಳ ಹೊಟ್ಟೆಯಲ್ಲಿ ವಾಸ. ಹುಳು ಒಂದು ಕೀಟದೊಳಗೆ ನುಗ್ಗಿದಾಗ ಇದು ಕೀಟವನ್ನು ಕೊಂದು, ಬೇರೆ ಸೂಕ್ಷ್ಮಜೀವಿಗಳು ಬರದಂತೆ ಪ್ರತಿಜೀವಕಗಳನ್ನು ಹೊರಬಿಡುತ್ತದೆ. ಅಮೆರಿಕದ ಅಂತರ್ಯುದ್ಧದಲ್ಲಿ, 1862ರ ಶೈಲೋ ಕದನದ ನಂತರ ಕೆಲವು ಸೈನಿಕರ ಗಾಯಗಳು ಕತ್ತಲಲ್ಲಿ ಹೊಳೆದವು, ಅಂಥವರ ಗಾಯ ಬೇಗ ವಾಸಿಯಾಯಿತು ಎಂಬ ಕಥೆಯಿದೆ. ಇದೇ ಬ್ಯಾಕ್ಟೀರಿಯಾ ಕಾರಣವಿರಬಹುದು ಎಂದು 2001ರಲ್ಲಿ ಇಬ್ಬರು ಶಾಲಾ ಹುಡುಗರು ಒಂದು ವಿವರಣೆ ಕೊಟ್ಟರು. ಮೈಯ ಮಾಮೂಲಿ ಶಾಖದಲ್ಲಿ ಅದು ಬದುಕುವುದಿಲ್ಲ, ಆದರೆ ಚಳಿಯಲ್ಲಿ, ಕೆಸರಿನಲ್ಲಿ ಬಿದ್ದ ಸೈನಿಕರ ಮೈ ತಣ್ಣಗಾಗಿತ್ತು ಎಂಬುದು ಅವರ ವಾದ. ಇರುಳ್ಕಣಿವೆಯ ಒಬ್ಬ ವೈದ್ಯೆ ಗಾಯಾಳುವನ್ನು ಬೆಚ್ಚಗಿಡಬೇಕೋ, ಗಾಯದ ಬೆಳಕು ಉಳಿಯಲೆಂದು ತಣ್ಣಗಿಡಬೇಕೋ ಎಂದು ಒದ್ದಾಡುವುದನ್ನು ನಾನು ಮೂರು ಸಲ ತಿದ್ದಿ ಬರೆದೆ.

ಕಾವಲಿಗೆ ಮಿಂಚುವ ಬಗೆಯನ್ನು ಕೋಟೆಯ ಕಂದಕಕ್ಕೆ ಬಿಡಬಹುದು. ಈಜಿ ಬರುವವನ ಸುತ್ತ ಬೆಳಕಿನ ಅಂಚು ಮೂಡುತ್ತದೆ. ಸೈನ್ಯಕ್ಕೆ ಪುಡಿ ದೀಪ ಕೊಡಬಹುದು: ಎರಡನೇ ಮಹಾಯುದ್ಧದಲ್ಲಿ ಜಪಾನಿನ ಸೈನಿಕರು ಒಣಗಿಸಿದ ಕಡಲ ಮಿಣುಕುಹುಳಗಳ ಪುಡಿಯನ್ನು ಅಂಗೈಯಲ್ಲಿ ಒದ್ದೆ ಮಾಡಿ ನಕ್ಷೆ ಓದುತ್ತಿದ್ದರು. ಅವು ಮೂರು ಮಿಲಿಮೀಟರಿನ ಚಿಪ್ಪುಜೀವಿಗಳು. ಇನ್ನುಳಿದ ಉಪಯೋಗಗಳು ನಿಮಗೇ ಹೊಳೆಯುತ್ತವೆ.

ಹಂತ 7: ಹೆಪ್ಪು ಯಾರ ಕೈಯಲ್ಲಿದೆ?

ತಾನಾಗಿ ಬೆಳೆಯುವ ವಸ್ತುವನ್ನು ಯಾರೂ ಬಚ್ಚಿಡಲಾರರು. ಒಂದು ಸೌಟು ಸಿಕ್ಕರೆ ಪಕ್ಕದ ಮನೆಯೂ ಬೆಳಗುತ್ತದೆ. ಹಾಗಾದರೆ ಅಧಿಕಾರ ಎಲ್ಲಿಂದ ಬರುತ್ತದೆ? ಇದಕ್ಕೂ ನಿಜವಾದ ಜೀವಿಗಳಲ್ಲೇ ಉತ್ತರವಿದೆ. ಹೊಳೆಯುವ ಬ್ಯಾಕ್ಟೀರಿಯಾಗಳನ್ನು ಪಾತ್ರೆಯಿಂದ ಪಾತ್ರೆಗೆ ಬೆಳೆಸುತ್ತ ಹೋದರೆ ನಡುವೆ ಹೊಳೆಯದ ತಳಿಗಳು ಹುಟ್ಟಿಕೊಳ್ಳುತ್ತವೆ. ಬೆಳಕಿನ ಖರ್ಚಿಲ್ಲದ ಕಾರಣ ಅವು ಮೇಲುಗೈ ಪಡೆಯಬಹುದು. ಆದರೆ ಸ್ಕ್ವಿಡ್‌ನ ಒಳಗೆ ಹೊಳೆಯದ ತಳಿಗಳು ಹೆಚ್ಚು ದಿನ ನೆಲೆ ನಿಲ್ಲುವುದಿಲ್ಲ. ಅಲ್ಲಿ ಬೆಳಕೇ ಬಾಡಿಗೆ.

ಅಂದರೆ ಮನೆಯ ಹೆಪ್ಪು ವರ್ಷದಿಂದ ವರ್ಷಕ್ಕೆ ಮಂಕಾಗುತ್ತದೆ. ಹೊಸ ಹೆಪ್ಪಿಗೆ ಗಲ್ಲಮೀನಿನ ಕೊಳಕ್ಕೇ ಹೋಗಬೇಕು. ಕೊಳ ಯಾರದ್ದೋ ಊರು ಅವರದ್ದು. ದೀಪದ ಮೇಲೆ ತೆರಿಗೆ ಹಾಕಿದರೆ ಜನ ನಗುತ್ತಾರೆ, ಕೊಳದ ದಾರಿಗೆ ಬಾಗಿಲಿಟ್ಟರೆ ದಂಗೆ ಏಳುತ್ತಾರೆ. ಉಪ್ಪಿನ ವ್ಯಾಪಾರಿಗಳಿಗೂ ಇಲ್ಲಿ ಒಂದು ಪಾಲಿದೆ. ನನ್ನ ಕಥೆಯ ಯುದ್ಧ ಶುರುವಾಗುವುದು ಒಬ್ಬ ಹುಡುಗ ಗಲ್ಲಮೀನನ್ನು ಜೀವಂತವಾಗಿ ಪಕ್ಕದ ಕಣಿವೆಗೆ ಸಾಗಿಸಿದಾಗ.

ಹಂತ 8: ಮಾತಿಗೆ ಇಳಿಸಿ

ಜನ ದಿನಾ ಬಳಸುವ ವಸ್ತು ಅವರ ಬಾಯಲ್ಲಿ ಬಂದೇ ಬರುತ್ತದೆ. ಇರುಳ್ಕಣಿವೆಯಲ್ಲಿ ಯಾರಾದರೂ ಸೋತು ಕೂತರೆ "ಒಂದು ಸಲ ಕುಲುಕು" ಅನ್ನುತ್ತಾರೆ. ಜಿಪುಣನಿಗೆ "ಬಿರಡೆ ಹಾಕಿದವನು" ಎಂಬ ಹೆಸರು. ಸತ್ತವರ ಮನೆಯಲ್ಲಿ ದೀಪವನ್ನು ಕುಲುಕದೆ ಬಿಡುತ್ತಾರೆ. ಐದಾರು ಇಂಥ ಮಾತು ಸಾಕು, ಪುಟಕ್ಕೊಂದು ಬೇಡ. ಹೊರಗಿನವರು ಇವನ್ನು ತಪ್ಪಾಗಿ ಬಳಸಲಿ, ಅದರಿಂದಲೇ ಅವರು ಹೊರಗಿನವರು ಎಂದು ಗೊತ್ತಾಗುತ್ತದೆ.

ಹಂತ 9: ಒಂದು ಕಡೆ ದೊಡ್ಡದಾಗಿ ತೋರಿಸಿ

ಇಷ್ಟು ಹೊತ್ತು ಕಡಿಮೆ ಬೆಳಕು ಕೊಡಿ ಎಂದೆ. ಒಂದೇ ಒಂದು ಕಡೆ ಕೈ ಬಿಚ್ಚಿ ಕೊಡಿ. ನಮ್ಮ ಲೋಕದಲ್ಲೂ ಅಂಥದ್ದು ಆಗುತ್ತದೆ. 1995ರ ಜನವರಿಯಲ್ಲಿ ಲಿಮಾ ಎಂಬ ಸರಕು ಹಡಗು ಸೊಮಾಲಿಯಾದ ಆಚೆ ಹಿಂದೂ ಮಹಾಸಾಗರದಲ್ಲಿ ಸಾಗುತ್ತಿತ್ತು. ರಾತ್ರಿ ನೋಡಿದರೆ ದಿಗಂತದಿಂದ ದಿಗಂತಕ್ಕೆ ಕಡಲು ಹಾಲಿನಂತೆ ಬೆಳ್ಳಗೆ ಹೊಳೆಯುತ್ತಿದೆ. ಹಡಗಿನವರು ಅದನ್ನು ದಾಖಲಿಸಿದರು. ಹತ್ತು ವರ್ಷಗಳ ಬಳಿಕ, 2005ರಲ್ಲಿ, ವಿಜ್ಞಾನಿಗಳು ಆ ದಿನಗಳ ಉಪಗ್ರಹ ಚಿತ್ರಗಳನ್ನು ತೆಗೆದು ನೋಡಿದಾಗ ಅದೇ ಜಾಗದಲ್ಲಿ ಸುಮಾರು 15,400 ಚದರ ಕಿಲೋಮೀಟರ್ ಹರಡಿದ ಬೆಳಕು ಸಿಕ್ಕಿತು. ಅದು ಮೂರು ರಾತ್ರಿ ಇತ್ತು. ಹೊಳೆಯುವ ಬ್ಯಾಕ್ಟೀರಿಯಾಗಳೇ ಕಾರಣ ಎಂದು ನಂಬಲಾಗಿದೆ. ಅದಕ್ಕೂ ಮೊದಲು ನಾವಿಕರು ಹೇಳಿಕೊಂಡು ಬಂದ ಹಾಲ್ಗಡಲನ್ನು ಎಷ್ಟೋ ಜನ ಕಟ್ಟುಕಥೆ ಎಂದುಕೊಂಡಿದ್ದರು.

ನಿಮ್ಮ ಲೋಕದಲ್ಲೂ ಅಂಥ ಒಂದು ರಾತ್ರಿ ಇರಲಿ, ಮುದುಕರು ಹೇಳುವ, ಮಕ್ಕಳು ನಂಬದ ರಾತ್ರಿ. ಅದು ಬರುವ ಮೊದಲು ಓದುಗ ಇನ್ನೂರು ಪುಟ ಕತ್ತಲಲ್ಲಿ ಕೂತಿರಬೇಕು, ಅವನ ಕಣ್ಣು ಒಗ್ಗಿರಬೇಕು.

ಕೊನೆಯದಾಗಿ ಒಂದು ಪರೀಕ್ಷೆ

ಬರೆದದ್ದು ಸರಿಯಿದೆಯಾ ಎಂದು ನೋಡಲು ನಾನು ಮಾಡುವುದು ಇಷ್ಟೇ. ಒಂದು ಪುಟದ ದೃಶ್ಯ ಬರೆಯುತ್ತೇನೆ. ಅದರಲ್ಲಿ ಸೂಕ್ಷ್ಮಜೀವಿಯ ಹೆಸರು, ಅದು ಹೇಗೆ ಕೆಲಸ ಮಾಡುತ್ತದೆ ಎಂಬ ವಿವರಣೆ ಒಂದೂ ಇರಬಾರದು. ಬರೀ ಜನ, ದೀಪ, ರಾತ್ರಿ. ಆಮೇಲೆ ಆ ದೃಶ್ಯದಲ್ಲಿ ದೀಪದ ಬದಲು ಮೇಣದ ಬತ್ತಿ ಇಟ್ಟು ಓದುತ್ತೇನೆ. ಏನೂ ಬದಲಾಗದಿದ್ದರೆ ಹಂತ 3ಕ್ಕೆ ವಾಪಸ್. ಮೊದಲ ಸಲ ಪಾಸಾದ ನನ್ನ ದೃಶ್ಯದಲ್ಲಿ ನಡೆಯುವುದು ಬಹಳ ಚಿಕ್ಕದು: ಅಜ್ಜಿ ಹಾಸಿಗೆ ಹಿಡಿದಿದ್ದಾಳೆ, ಹುಡುಗ ದೀಪ ಕುಲುಕುತ್ತ ತೂಕಡಿಸುತ್ತಾನೆ, ಬೆಳಕು ಪಾದದಿಂದ ಮೇಲಕ್ಕೆ ಆರುತ್ತ ಬರುತ್ತದೆ. ಉಂಗುರದಷ್ಟು ಉಳಿದಾಗ ಅಜ್ಜಿಯ ಕೈ ಹೊದಿಕೆಯಿಂದ ಹೊರಬಂದು, ಹುಡುಗನಿಗೆ ಎಚ್ಚರವಾಗದ ಹಾಗೆ, ಅವನ ತೊಡೆಯ ಮೇಲಿದ್ದ ದೀಪವನ್ನು ಒಮ್ಮೆ ಮೆಲ್ಲಗೆ ಕುಲುಕುತ್ತದೆ.